ಮನೆಗಳಿವೆ, ಮನೆಯವರಿಲ್ಲ: ‘ಸ್ನೈಪರ್ ಎಲೀಟ್ ವಿ2 ರೀಮಾಸ್ಟರ್ಡ್’ ಆಡಿದ ಮೇಲೆ

ಗುಂಡು ಹೊಡೆಯುವ ಆಟಗಳ ಮೇಲೆ ನನಗೆ ಮೋಹವಿಲ್ಲ, ಕಟ್ಟಡಗಳ ಮೇಲೆ ಇದೆ. ಪೆರ್ಲದ ಪೇಟೆಯಲ್ಲಿ ಮನೆಗಳ ನಕ್ಷೆ ಬರೆದು ಪಂಚಾಯತಿನ ಅನುಮತಿಗೆ ಕಳುಹಿಸಿಕೊಡುವುದು ನನ್ನ ಹೊಟ್ಟೆಪಾಡು. ಪ್ಲಸ್ ಟು ಓದುವ ಅಣ್ಣನ ಮಗ, “ಅತ್ತೆ, ಇದರಲ್ಲಿ ಇಡೀ ಬರ್ಲಿನ್ ಇದೆ, ಅರ್ಧ ಸೀಳಿದ ಮನೆಗಳೇ ಎಷ್ಟೋ ಇವೆ, ನಿಮಗೆ ಹಿಡಿಸುತ್ತದೆ” ಎಂದು ಆಸೆ ಹುಟ್ಟಿಸಿದ. ಆಟೋಕ್ಯಾಡ್ ಓಡಲೆಂದು ಗ್ರಾಫಿಕ್ಸ್ ಕಾರ್ಡ್ ಹಾಕಿಸಿಕೊಂಡಿದ್ದ ನನ್ನ ಕಂಪ್ಯೂಟರಿಗೆ ಅವನೇ ಆಟವನ್ನು ಇಳಿಸಿಯೂ ಕೊಟ್ಟ. ರಿಯಾಯಿತಿಯ ದಿನ ನೋಡಿ ಕೊಂಡದ್ದರಿಂದ ದುಡ್ಡಿನ ಬಗ್ಗೆ ದೂರುವುದಕ್ಕೆ ಏನೂ ಇಲ್ಲ.

ಆಕ್ಸ್‌ಫರ್ಡಿನ ರೆಬೆಲಿಯನ್ ಎಂಬ ಸಂಸ್ಥೆ 2012ರಲ್ಲಿ ಹೊರತಂದ ಆಟ ಇದು. 2019ರಲ್ಲಿ ಬೆಳಕು, ಗೋಡೆಗಳ ಮೈ, ಹೊಗೆ ಎಲ್ಲವನ್ನೂ ತಿದ್ದಿ ತೀಡಿ ಮತ್ತೆ ಮಾರಾಟಕ್ಕೆ ಇಟ್ಟರು. ಕಾಲ 1945ರ ವಸಂತ, ಊರು ಬರ್ಲಿನ್. ಪೂರ್ವದಿಂದ ಸೋವಿಯತ್ ಸೈನ್ಯ ನುಗ್ಗುತ್ತಿದೆ. ನಾವು ಕಾರ್ಲ್ ಫೇರ್‌ಬರ್ನ್ ಎಂಬ ಅಮೆರಿಕದ ಗೂಢಚಾರ. ಜರ್ಮನರು ಲಂಡನ್ ಮುಂತಾದ ಊರುಗಳ ಮೇಲೆ ಹಾರಿಸುತ್ತಿದ್ದ ವಿ-2 ರಾಕೆಟ್ ಮಾಡಿದ ವಿಜ್ಞಾನಿಗಳು ರಷ್ಯಾದವರ ಕೈಗೆ ಸಿಗಬಾರದು, ಸಿಗುವಂತಿದ್ದರೆ ಬದುಕಬಾರದು. ಕೆಲಸ ಇಷ್ಟೇ. ಜರ್ಮನರಿಗೂ ಗುಂಡು, ರಷ್ಯಾದವರಿಗೂ ಗುಂಡು.

ಮೊದಲು ಹೊಗಳಿಕೆ. ಗುರಿಯಿಡುವ ಕೆಲಸವನ್ನು ಇಷ್ಟು ನಿಧಾನಕ್ಕೆ, ಇಷ್ಟು ಶ್ರದ್ಧೆಯಿಂದ ಮಾಡಿಸುವ ಆಟ ಅಪರೂಪವಂತೆ, ಹುಡುಗ ಹೇಳಿದ. ಓಡಿದರೆ ಎದೆಬಡಿತ ಏರುತ್ತದೆ, ಏರಿದರೆ ಕೋವಿಯ ಮೂತಿ ತೂಗಾಡುತ್ತದೆ. ಸುಮ್ಮನೆ ಮಲಗಿ, ಬಡಿತ ಇಳಿಯುವವರೆಗೆ ಕಾದು, ಉಸಿರು ಬಿಗಿಹಿಡಿದು ಹೊಡೆಯಬೇಕು. ಕಷ್ಟದ ಮಟ್ಟವನ್ನು ಏರಿಸಿದರೆ ಗಾಳಿಯ ಸೆಳೆತವನ್ನೂ ದೂರಕ್ಕೆ ಗುಂಡು ಕೆಳಗಿಳಿಯುವುದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ತೋಟಕ್ಕೆ ನುಗ್ಗುವ ಹಂದಿಗಳ ಕಾಟಕ್ಕೆ ಹಿಂದೆ ಲೈಸೆನ್ಸಿನ ಕೋವಿ ಇಟ್ಟುಕೊಂಡಿದ್ದ ನೆರೆಮನೆಯ ರೈಗಳು ಒಂದು ಸಂಜೆ ಕುರ್ಚಿ ಎಳೆದುಕೊಂಡು ನೋಡುತ್ತಾ ಕುಳಿತರು. “ಕೋವಿಯ ಕುದುರೆ ಎಳೆಯುವ ಮುಂಚೆ ಉಸಿರು ನಿಲ್ಲಿಸುವುದು ಸರಿಯಾಗಿದೆ. ಆದರೆ ಈ ಮನುಷ್ಯನಿಗೆ ಹೆಗಲು ನೋಯುವುದೇ ಇಲ್ಲವಲ್ಲ ಮಾರಾಯ್ರೆ” ಎಂದರು. ಫಿರಂಗಿ ಗುಡುಗುವ ಹೊತ್ತು ನೋಡಿ ಹೊಡೆದರೆ ನಮ್ಮ ಗುಂಡಿನ ಸದ್ದು ಯಾರಿಗೂ ಕೇಳಿಸುವುದಿಲ್ಲ. ಆ ಗುಡುಗಿಗಾಗಿ ಕಿವಿಗೊಟ್ಟು ಕಾಯುವುದರಲ್ಲಿ ಒಂದು ಸುಖವಿದೆ, ಒಪ್ಪಿಕೊಳ್ಳುತ್ತೇನೆ. ಜುಲೈ ತಿಂಗಳ ರಾತ್ರಿ ಹೊರಗೆ ನಿಜವಾದ ಗುಡುಗೂ ಸೇರಿ ಯಾವುದು ಬರ್ಲಿನ್ ಯಾವುದು ಪೆರ್ಲ ಎಂದು ತಿಳಿಯದೆ ಹೋದದ್ದಿದೆ. ಆಮೇಲೆ ಕರೆಂಟು ಹೋಗಿ ಯುಪಿಎಸ್ ಕಿರುಚಿಕೊಂಡು, ಹಿಂದಿನ ಚೆಕ್‌ಪಾಯಿಂಟಿನಿಂದ ಮತ್ತೆ ಆರಂಭ.

ಇನ್ನು ಗುಂಡು ತಾಗಿದಾಗ ಪರದೆಯ ಮೇಲೆ ತೋರಿಸುವ ಎಕ್ಸ್‌ರೇ. ಗುಂಡಿನ ಹಿಂದೆಯೇ ನಾವೂ ಹಾರಿ ಹೋಗಿ, ಚರ್ಮ ಮಾಯವಾಗಿ, ಪಕ್ಕೆಲುಬು ಮುರಿಯುವುದು, ಶ್ವಾಸಕೋಶ ಒಡೆಯುವುದು ಎಲ್ಲವನ್ನೂ ನಿಧಾನಗತಿಯಲ್ಲಿ ನೋಡುತ್ತೇವೆ. ಈ ಆಟ ಹೆಸರು ಮಾಡಿದ್ದೇ ಇದರಿಂದ. ಮೊದಲ ಸಲ ಬೆರಗು, ನಾಲ್ಕನೆಯ ಸಲ ಬೇಸರ, ಆಮೇಲೆ ಹೇಸಿಗೆ. ಸೆಟ್ಟಿಂಗ್ಸ್‌ನಲ್ಲಿ ಅದನ್ನು ಕಡಿಮೆ ಮಾಡಿಕೊಳ್ಳಬಹುದು. ನಾನು ಮಾಡಿಕೊಂಡೆ, ಅಣ್ಣನ ಮಗ ಮುಖ ಸಿಂಡರಿಸಿದ.

ನನ್ನ ಸಂತೋಷ ಬೇರೆಯ ಕಡೆ ಇತ್ತು. ಶೋನೆಬರ್ಗ್ ಎಂಬ ಬಡಾವಣೆಯ ಬೀದಿಗಳ ಹಂತದಲ್ಲಿ ಶತ್ರುಗಳನ್ನೆಲ್ಲ ಮುಗಿಸಿ, ಯಾರ ಕಾಟವೂ ಇಲ್ಲದೆ ಬಹಳ ಹೊತ್ತು ಅಲೆದೆ. ಬಾಂಬು ಬಿದ್ದ ಮನೆ ಎಂದರೆ ನಕ್ಷೆಯವರ ಕಣ್ಣಿಗೆ ಒಂದು ಸೆಕ್ಷನ್: ಕಟ್ಟಡವನ್ನು ನೆತ್ತಿಯಿಂದ ಪಂಚಾಂಗದವರೆಗೆ ಕೊಯ್ದು ನಿಲ್ಲಿಸಿದ ಹಾಗೆ. ಬೀದಿಯ ಬದಿಯ ಗೋಡೆ ಪೂರ್ತಿ ಬಿದ್ದಿದೆ. ಮೇಲಿನ ಅಂತಸ್ತುಗಳಲ್ಲಿ ಗೋಡೆಗೆ ಅಂಟಿಸಿದ ಬಣ್ಣದ ಕಾಗದ ಹಾಗೇ ಉಳಿದಿದೆ, ಒಂದೊಂದು ಕೋಣೆಗೆ ಒಂದೊಂದು ಬಣ್ಣ. ಮರದ ಜಂತಿಗಳ ತುದಿ ಸುಟ್ಟು ಕರಿಕಾಗಿ ಹೊರಚಾಚಿವೆ. ಇಟ್ಟಿಗೆಯ ಗೋಡೆ ಕೆಳ ಅಂತಸ್ತಿನಲ್ಲಿ ದಪ್ಪ, ಮೇಲೆ ಹೋದಂತೆ ತೆಳು. ಇದನ್ನು ಮಾಡಿದವರು ಫೋಟೋಗಳನ್ನು ಗಂಟೆಗಟ್ಟಲೆ ನೋಡಿದ್ದಾರೆ, ಸಂಶಯವೇ ಇಲ್ಲ. ಆಟವನ್ನು ನಿಲ್ಲಿಸಿ ಬೇಕಾದ ಕೋನದಿಂದ ಚಿತ್ರ ತೆಗೆಯುವ ಸೌಲಭ್ಯವನ್ನು ಹೊಸ ಆವೃತ್ತಿಯಲ್ಲಿ ಸೇರಿಸಿದ್ದಾರೆ. ಎಕ್ಸ್‌ರೇಗಿಂತ ನನಗೆ ಇದು ಹೆಚ್ಚು ಉಪಯೋಗಕ್ಕೆ ಬಂತು.

ಈ ಮನೆಗಳ ಹಿಂದೆ ಒಂದು ಕಥೆಯಿದೆ. ಹತ್ತೊಂಬತ್ತನೆಯ ಶತಮಾನದಲ್ಲಿ ಕಾರ್ಖಾನೆಗಳಿಗೆ ಕೂಲಿಗೆ ಬಂದವರನ್ನು ತುಂಬಲು ಬರ್ಲಿನ್ನಿನಲ್ಲಿ ಬಾಡಿಗೆಯ ಕಟ್ಟಡಗಳನ್ನು ಒಂದಕ್ಕೊಂದು ಒತ್ತಿ ಕಟ್ಟಿದರು. ಬೀದಿಗೆ ಮುಖ ಮಾಡಿದ್ದು ಅನುಕೂಲಸ್ಥರ ಮನೆ. ಅದರ ಹಿಂದೆ ಅಂಗಳ, ಅಂಗಳದ ಆಚೆ ಇನ್ನೊಂದು ಸಾಲು, ಮತ್ತೊಂದು ಅಂಗಳ. ಹಿಂದೆ ಹೋದಂತೆ ಬಡವರು, ಬೆಳಕೂ ಕಡಿಮೆ. ಅಂಗಳ ಎಷ್ಟು ದೊಡ್ಡದಿರಬೇಕು ಎಂಬುದಕ್ಕೆ 1853ರ ಕಟ್ಟಡ ನಿಯಮ ಕೊಟ್ಟ ಅಳತೆ 5.34 ಮೀಟರ್ ಉದ್ದ, ಅಷ್ಟೇ ಅಗಲ. ಬೆಂಕಿ ಆರಿಸುವ ಗಾಡಿ ಒಳಗೆ ಬಂದು ತಿರುಗಲು ಅಷ್ಟು ಬೇಕು. ಅಲ್ಲಿ ಆಡುವ ಮಕ್ಕಳ ಲೆಕ್ಕವನ್ನು ಯಾರೂ ಹಾಕಲಿಲ್ಲ. ಸೆಟ್‌ಬ್ಯಾಕ್ (ಗಡಿಯಿಂದ ಬಿಡಬೇಕಾದ ಜಾಗ) ಒಂದಡಿ ಕಡಿಮೆಯಾಯಿತೆಂದು ವಾಪಸು ಬಂದ ಕಡತಗಳ ನಡುವೆ ಕುಳಿತಿರುವ ನನಗೆ ಈ 5.34 ಎಂಬ ಅಂಕಿ ಬಹಳ ಕಾಡುತ್ತದೆ. ಆಟದಲ್ಲಿ ಇಂಥ ಅಂಗಳಗಳಿಗೆ ನುಗ್ಗುತ್ತೇವೆ, ಮೂಲೆಯಲ್ಲಿ ಹೊಂಚು ಹಾಕುತ್ತೇವೆ. ಅಂಗಳ ಎಂಬುದು ಅಲ್ಲಿ ಅಡಗಲು ಒಂದು ಜಾಗ, ಅಷ್ಟೇ.

ನನ್ನ ತಕರಾರು ಇರುವುದು ಇಲ್ಲೇ. ಇಷ್ಟು ಮನೆಗಳಿವೆ, ಒಬ್ಬ ನಿವಾಸಿಯೂ ಇಲ್ಲ. ನೀರಿಗೆ ಸಾಲು ನಿಂತ ಹೆಂಗಸಿಲ್ಲ, ನೆಲಮಾಳಿಗೆಯಿಂದ ಇಣುಕುವ ಮುದುಕನಿಲ್ಲ, ಮಗು ಇಲ್ಲ. ಬರ್ಲಿನ್ ಕದನ ನಡೆದದ್ದು 1945ರ ಏಪ್ರಿಲ್ 16ರಿಂದ ಮೇ 2ರವರೆಗೆ. ಆಗ ಆ ಊರಿನಲ್ಲಿ ಲಕ್ಷಗಟ್ಟಲೆ ಜನ, ಅದರಲ್ಲೂ ಹೆಂಗಸರು, ನೆಲಮಾಳಿಗೆಗಳಲ್ಲಿ ಕುಳಿತಿದ್ದರು. ಅವರಿಗೆ ಆಮೇಲೆ ಏನಾಯಿತು ಎಂಬುದು ಚರಿತ್ರೆಯಲ್ಲಿ ದಾಖಲಾಗಿದೆ, ಬರೆಯಲು ಕೈ ಬಾರದು. ತಪ್ಪಿ ಜನರಿಗೆ ಗುಂಡು ತಗುಲಿದರೆ ಆಟ ಕೆಡುತ್ತದೆ, ಅದಕ್ಕೇ ಬಿಟ್ಟಿದ್ದಾರೆ ಎಂದು ಅಣ್ಣನ ಮಗ ವಾದಿಸಿದ. ಇರಬಹುದು. ಹಾಗಾದರೆ ಊರನ್ನು ಕಟ್ಟುವುದಕ್ಕೆ ಇಷ್ಟು ಪಾಡು ಏಕೆ ಪಟ್ಟರು?

ಟೀರ್‌ಗಾರ್ಟನ್ ಉದ್ಯಾನದ ಫ್ಲಾಕ್ ಗೋಪುರದ ಹಂತವನ್ನೇ ನೋಡಿ. ವಿಮಾನಗಳನ್ನು ಹೊಡೆದುರುಳಿಸಲು ಮೃಗಾಲಯದ ಪಕ್ಕ ಕಟ್ಟಿದ ಕಾಂಕ್ರೀಟಿನ ಕೋಟೆ ಅದು. ಗೋಡೆಯ ದಪ್ಪ ಎರಡು ಮೀಟರಿಗೂ ಮಿಕ್ಕಿ. ನೆತ್ತಿಯ ಮೇಲೆ ತೋಪುಗಳು, ಒಳಗೆ ಆಸ್ಪತ್ರೆ, ಟ್ರಾಯ್‌ನಲ್ಲಿ ಅಗೆದು ತೆಗೆದ ಚಿನ್ನ ಸೇರಿದಂತೆ ವಸ್ತುಸಂಗ್ರಹಾಲಯದ ಒಡವೆಗಳು, ಮತ್ತು ಕೊನೆಯ ದಿನಗಳಲ್ಲಿ ಮೆಟ್ಟಿಲು ಮೆಟ್ಟಿಲಿಗೂ ಒತ್ತಿ ಕುಳಿತ ಸಾವಿರಾರು ಜನ. ಯುದ್ಧ ಮುಗಿದ ಮೇಲೆ ಬ್ರಿಟಿಷರು 1947ರಲ್ಲಿ ಸಿಡಿಮದ್ದಿಟ್ಟರೆ ಜಗ್ಗಲಿಲ್ಲ, 1948ರಲ್ಲಿ ಅಂತೂ ಉರುಳಿಸಿದರು. ಇಷ್ಟೆಲ್ಲ ಸರಕು ಕೈಯಲ್ಲಿದ್ದೂ ಆಟಕ್ಕೆ ಬೇಕಾಗಿರುವುದು ಏರಲು ಒಂದು ಮೆಟ್ಟಿಲು, ಗುರಿಯಿಡಲು ಒಂದು ಎತ್ತರ. ಆಪರ್ನ್‌ಪ್ಲಾಟ್ಸ್ ಎಂಬ ಚೌಕವೂ ಹಾಗೆಯೇ. 1933ರ ಮೇ 10ರ ರಾತ್ರಿ ನಾಜಿ ಪರ ವಿದ್ಯಾರ್ಥಿಗಳು ಸುಮಾರು 20,000 ಪುಸ್ತಕಗಳನ್ನು ರಾಶಿ ಹಾಕಿ ಸುಟ್ಟ ಜಾಗ ಅದು. ಈಗ ಅಲ್ಲಿನ ನೆಲದಲ್ಲಿ ಒಂದು ಗಾಜಿನ ಹಲಗೆ ಇದೆ, ಬಗ್ಗಿ ನೋಡಿದರೆ ಕೆಳಗೆ ಖಾಲಿ ಕಪಾಟುಗಳು ಕಾಣುತ್ತವೆ. ಆಟದಲ್ಲಿ ನಾನು ಆ ಚೌಕವನ್ನು ದಾಟಿದ್ದು ಮರಳಿನ ಚೀಲದಿಂದ ಮರಳಿನ ಚೀಲಕ್ಕೆ ತೆವಳುತ್ತಾ. ಕೈಸರ್ ಫ್ರೀಡ್ರಿಶ್ ವಸ್ತುಸಂಗ್ರಹಾಲಯದ ಬಗ್ಗೆ ಹೇಳಬೇಕಾದ್ದು ಕಡಿಮೆ: 1904ರಲ್ಲಿ ತೆರೆದ ಆ ಕಟ್ಟಡಕ್ಕೆ ಇಂದಿನ ಹೆಸರು ಬೋಡೆ ಮ್ಯೂಸಿಯಂ. ಆಟದಲ್ಲಿ ಚೆನ್ನಾಗಿ ಕಾಣುತ್ತದೆ.

ಎಲ್ಲಕ್ಕಿಂತ ಕೋಪ ಬಂದದ್ದು ಮಿಟ್ಟೆಲ್‌ವೆರ್ಕ್ ಹಂತದಲ್ಲಿ. ವಿ-2 ರಾಕೆಟ್ಟುಗಳನ್ನು ಜೋಡಿಸುತ್ತಿದ್ದ ಕಾರ್ಖಾನೆ ಇದು. ನಿಜದಲ್ಲಿ ಇದ್ದದ್ದು ಬರ್ಲಿನ್ನಿಗೆ ಬಹುದೂರದ ನಾರ್ಡ್‌ಹೌಸನ್ ಪಟ್ಟಣದ ಹತ್ತಿರ, ಕೋನ್‌ಸ್ಟೈನ್ ಗುಡ್ಡದ ಹೊಟ್ಟೆಯೊಳಗೆ. ಎರಡು ಉದ್ದದ ಸುರಂಗ, ಅವನ್ನು ಜೋಡಿಸುವ ಹತ್ತಾರು ಅಡ್ಡ ಸುರಂಗ. ಅದನ್ನು ಕೊರೆದು ಮುಗಿಸಿದವರೂ ಅದರೊಳಗೆ ದುಡಿದವರೂ ಡೋರಾ ಯಾತನಾ ಶಿಬಿರದ ಕೈದಿಗಳು. ಸುಮಾರು 60,000 ಮಂದಿಯನ್ನು ಅಲ್ಲಿಗೆ ತಂದರು, ಅವರಲ್ಲಿ ಮೂರನೆಯ ಒಂದು ಪಾಲಿನಷ್ಟು ಜನ ಸತ್ತರು. ರಾಕೆಟ್ಟು ಬಿದ್ದು ಸತ್ತವರಿಗಿಂತ ರಾಕೆಟ್ಟು ಮಾಡುತ್ತಾ ಸತ್ತವರೇ ಹೆಚ್ಚು. ಆಟದ ಕಾರ್ಖಾನೆಯಲ್ಲಿ ನನಗೆ ರಾಕೆಟ್ಟಿನ ಭಾಗಗಳು ಕಂಡವು, ಕಾವಲಿನವರು ಕಂಡರು, ಸಿಡಿಸಬಹುದಾದ ಪೀಪಾಯಿಗಳು ಕಂಡವು. ಪಟ್ಟೆ ಬಟ್ಟೆಯ ಒಬ್ಬ ಕೈದಿಯೂ ಕಾಣಲಿಲ್ಲ. ಮನೆಯವರಿಲ್ಲದ ಬೀದಿಯನ್ನಾದರೂ ಸಹಿಸಿಕೊಳ್ಳಬಹುದು, ಎಲ್ಲರೂ ಓಡಿಹೋಗಿದ್ದಾರೆ ಎಂದು ಸಮಾಧಾನ ಮಾಡಿಕೊಳ್ಳಬಹುದು. ಈ ಸುರಂಗಕ್ಕೆ ಅಂಥ ನೆಪವೂ ಇಲ್ಲ.

ಆಟದ ಕಥೆಗೂ ಚರಿತ್ರೆಗೂ ತಾಳೆಯಾಗುವುದಿಲ್ಲ. ಅಮೆರಿಕದ ಸೈನ್ಯ ನಾರ್ಡ್‌ಹೌಸನ್ ತಲುಪಿದ್ದು ಏಪ್ರಿಲ್ 11ರಂದು, ಬರ್ಲಿನ್ ಕದನ ಶುರುವಾಗುವ ಮೊದಲೇ. ವಿ-2 ಹಾರುತ್ತಿದ್ದದ್ದು ಸುಮಾರು 320 ಕಿಲೋಮೀಟರ್. ಆಟದಲ್ಲಿ ತೋರಿಸುವಂತೆ ಬರ್ಲಿನ್ನಿನ ಅಂಚಿನ ಕೋಪನಿಕ್‌ನಿಂದ ಹಾರಿಸಿದರೆ ಲಂಡನ್ ಇರಲಿ, ಹಾಲೆಂಡಿನ ಗಡಿಯೂ ಸಿಗದು. ಸ್ಕೇಲ್ ಇಟ್ಟು ಅಳೆದರೆ ಯಾರಿಗೂ ತಿಳಿಯುತ್ತದೆ. ಇನ್ನು ವಿಜ್ಞಾನಿಗಳನ್ನು ಬೇಟೆಯಾಡುವ ಕಥೆ. ವಿ-2ರ ಮುಖ್ಯ ತಲೆ ವೆರ್ನರ್ ಫಾನ್ ಬ್ರೌನ್, ಕೈಗೆ ಪ್ಲಾಸ್ಟರ್ ಹಾಕಿಕೊಂಡು ಆಲ್ಪ್ಸ್ ಪರ್ವತದ ತಪ್ಪಲಿನಲ್ಲಿ ಅಮೆರಿಕದವರಿಗೆ ತಾನಾಗಿಯೇ ಶರಣಾದದ್ದು 1945ರ ಮೇ 2ರಂದು, ಬರ್ಲಿನ್ ಬಿದ್ದ ದಿನವೇ. ಮುಂದೆ ಮನುಷ್ಯರನ್ನು ಚಂದ್ರನ ಕಡೆಗೆ ಕಳುಹಿಸಿದ ಸ್ಯಾಟರ್ನ್ ರಾಕೆಟ್ಟು ಅವನ ಕೈಕೆಳಗೆ ತಯಾರಾಯಿತು. ನಿಜವಾದ ಈ ಕಥೆಯ ಮುಂದೆ ಆಟದ ಖಳನಾಯಕ ಡಾಕ್ಟರ್ ವೋಲ್ಫ್ ಬಹಳ ಸಪ್ಪೆ.

ಜರ್ಮನಿಯ ಚರಿತ್ರೆ ಎಂದರೆ ಆಟ ಮಾಡುವವರಿಗೆ ಹಿಟ್ಲರನ ಆಳ್ವಿಕೆಯ ಹನ್ನೆರಡು ವರ್ಷ ಮಾತ್ರ, 1933ರಿಂದ 1945. ಯಾರನ್ನು ಕೊಂದರೂ ಪಾಪ ತಟ್ಟದ ಶತ್ರು ಅಲ್ಲಿ ಸಿದ್ಧವಾಗಿ ಸಿಗುತ್ತಾನಲ್ಲ. ಜರ್ಮನಿಯಲ್ಲೇ ಈ ಬಗ್ಗೆ ಮುಜುಗರವಿತ್ತು. ಕಾನೂನಿನ ಭಯದಿಂದ ಅಲ್ಲಿನ ಆವೃತ್ತಿಗಳಲ್ಲಿ ನಾಜಿಗಳ ಚಿಹ್ನೆಯಾದ ಸ್ವಸ್ತಿಕವನ್ನು ಅಳಿಸುತ್ತಿದ್ದರು. 2017ರ ಒಂದು ‘ವುಲ್ಫೆನ್‌ಸ್ಟೈನ್’ ಆಟದಲ್ಲಿ ಹಿಟ್ಲರನ ಮೀಸೆಯನ್ನೇ ಬೋಳಿಸಿದ್ದರು. 2018ರ ಆಗಸ್ಟ್‌ನಿಂದ ಸಂದರ್ಭ ನೋಡಿ ಅನುಮತಿ ಕೊಡುತ್ತಾರೆ. ಆದರೆ ಜರ್ಮನಿಯ ಚರಿತ್ರೆಯಲ್ಲಿ ಹದಿನೇಳನೆಯ ಶತಮಾನದ ಮೂವತ್ತು ವರ್ಷಗಳ ಯುದ್ಧವೂ ಇದೆ, 1848ರಲ್ಲಿ ಇದೇ ಬರ್ಲಿನ್ನಿನ ಬೀದಿಗಳಲ್ಲಿ ಜನ ಅಡ್ಡಗಟ್ಟೆ ಕಟ್ಟಿ ರಾಜನ ಸೈನ್ಯವನ್ನು ಎದುರಿಸಿದ್ದಿದೆ. ಅದರಲ್ಲಿ ಓಟ, ಹೊಡೆದಾಟ, ಹೊಂಚು ಏನು ಕಡಿಮೆ? ನಮ್ಮ ಕಡೆಯವರಿಗೆ ಜರ್ಮನರು ಎಂದರೆ ಬೇರೆಯೇ ನೆನಪು: ಮಂಗಳೂರಿನಲ್ಲಿ 1865ರಲ್ಲಿ ಹಂಚಿನ ಕಾರ್ಖಾನೆ ಶುರು ಮಾಡಿದ ಬಾಸೆಲ್ ಮಿಷನ್ನಿನ ಪ್ಲೆಬ್ಸ್ಟ್, 1894ರ ನಿಘಂಟಿನ ಕಿಟೆಲ್. ನಾನು ಇವತ್ತಿಗೂ ಮಾಡಿನ ಇಳಿಜಾರು, ಪಕ್ಕಾಸು, ರೀಪಿನ ಅಂತರ ಎಲ್ಲವನ್ನೂ ಗುರುತಿಸುವುದು ಅವರು ತಂದ ಹಂಚಿನ ಲೆಕ್ಕದಲ್ಲೇ.

ಹೀಗೆ ಗೊಣಗಿದ್ದನ್ನು ಕೇಳಿ ಅಣ್ಣನ ಮಗ ‘ಪೆಂಟಿಮೆಂಟ್’ ಎಂಬ ಇನ್ನೊಂದನ್ನು ತೋರಿಸಿದ. 2022ರಲ್ಲಿ ಅಬ್ಸಿಡಿಯನ್ ಸಂಸ್ಥೆ ಮಾಡಿದ್ದು. 1518ರಲ್ಲಿ ಆರಂಭವಾಗುತ್ತದೆ, ಬವೇರಿಯಾದ ಒಂದು ಕಲ್ಪಿತ ಹಳ್ಳಿ, ಪಕ್ಕದಲ್ಲಿ ಮಠ, ಒಂದು ಕೊಲೆ. ನಾವು ಚಿತ್ರ ಬರೆಯುವವನು, ಕೈಯಲ್ಲಿ ಕೋವಿ ಇಲ್ಲ. ಹುಡುಗನಿಗೆ ಆಕಳಿಕೆ. ನನಗೆ ಹಿಡಿಸಿತು. ಅಲ್ಲಿ ಒಂದೊಂದು ಮನೆಯೊಳಗೆ ಹೋಗಿ, ಕುಳಿತು, ಅವರ ಜೊತೆ ಊಟ ಮಾಡಬೇಕು. ಬಡವರ ಮೇಜಿನ ಮೇಲೆ ಏನಿದೆ, ಮಠದವರ ತಟ್ಟೆಯಲ್ಲಿ ಏನಿದೆ ಎಂದು ನೋಡುತ್ತಾ ನೋಡುತ್ತಾ ರೈತರು ದಂಗೆ ಏಳುವುದು ಏಕೆ ಎಂಬುದು ತಾನಾಗಿ ತಿಳಿಯುತ್ತದೆ. ಪುಸ್ತಕದ ಪುಟದಂಥ ಚಪ್ಪಟೆ ಚಿತ್ರ, ಸೆಕ್ಷನ್ನೂ ಇಲ್ಲ, ಎದುರು ನೋಟದ ಎಲಿವೇಶನ್ನೂ ಇಲ್ಲ, ಆದರೂ ಅವು ಮನೆಗಳು. ಅದರ ಬಗ್ಗೆ ಬೇರೆಯೇ ಬರೆಯಬೇಕು.

ಹಾಗಾದರೆ ‘ಸ್ನೈಪರ್ ಎಲೀಟ್’ ಕೊಳ್ಳಬೇಕೇ? ತಾಳ್ಮೆಯಿಂದ ಗುರಿಯಿಡುವುದು ಇಷ್ಟವಿದ್ದವರು, ಹಳೆಯ ಕಟ್ಟಡಗಳ ಹುಚ್ಚಿದ್ದವರು ರಿಯಾಯಿತಿಯಲ್ಲಿ ಕೊಳ್ಳಬಹುದು. ಪೂರ್ತಿ ಬೆಲೆ ಕೊಡಬೇಡಿ, ಒಳಗಿರುವುದು 2012ರ ಆಟವೇ; ಕಾವಲಿನವರ ಬುದ್ಧಿಯೂ ಆ ಕಾಲದ್ದೇ, ಪಕ್ಕದವನು ಸತ್ತು ಬಿದ್ದರೂ ಸ್ವಲ್ಪ ಹೊತ್ತಿಗೆ ಮರೆತು ತಿರುಗಾಡುತ್ತಾರೆ. ಆರಂಭಕ್ಕೆ ನಡುಮಟ್ಟದ ಕಷ್ಟ ಸಾಕು. ಕಿಬೋರ್ಡಿಗಿಂತ ಮೌಸ್ ಒಳ್ಳೆಯದಿರಲಿ, ನನ್ನ ಹಳೆಯ ಮೌಸ್ ಇದರಲ್ಲೇ ಕೆಟ್ಟಿತು. ಹಿಟ್ಲರನನ್ನು ಕೊಲ್ಲುವ ಹೆಚ್ಚುವರಿ ಹಂತವನ್ನೂ ಇದರಲ್ಲೇ ಸೇರಿಸಿ ಕೊಟ್ಟಿದ್ದಾರೆ. ಅದನ್ನು ಅಣ್ಣನ ಮಗ ಆಡಿದ, ನಾನು ಆ ಹೊತ್ತಿಗೆ ಒಂದು ಬಾತ್‌ರೂಮಿನ ವೆಂಟಿಲೇಟರ್ ತಿದ್ದುತ್ತಿದ್ದೆ.