ಅಪೀಲು ಹಾಕಿದ್ದೇವೆ ಅಂತ ನಿಶ್ಚಿಂತೆಯಿಂದ ಕೂರಬೇಡಿ: ಮಳಿಗೆ ಬಾಡಿಗೆದಾರರ ಗಮನಕ್ಕೆ

ದಾವಣಗೆರೆ ಮಂಡಿಪೇಟೆ ಕಡೆಯ ಮಳಿಗೆಯೊಂದರಲ್ಲಿ ಆದದ್ದು ಇದು. ಖಾಲಿ ಮಾಡಿಸುವ ದಾವೆ ಮಾಲೀಕರ ಪರ ಡಿಕ್ರಿಯಾಯಿತು (ತೀರ್ಪಿನಂತೆ ಕೋರ್ಟು ಬರೆಯುವ ಅಂತಿಮ ಆದೇಶವೇ ಡಿಕ್ರಿ). ಬಾಡಿಗೆದಾರರು ಅಪೀಲು ಹಾಕಿದರು, ಆರ್.ಎ. (ರೆಗ್ಯುಲರ್ ಅಪೀಲು) ನಂಬರೂ ಬಿತ್ತು. ಆದರೂ ಕೋರ್ಟಿನ ಅಮೀನರು ಡೆಲಿವರಿ ವಾರಂಟ್ (ಸ್ವಾಧೀನ ಕೊಡಿಸುವ ಆದೇಶ) ಹಿಡಿದು ಬಂದು, ಸಾಮಾನು ಪಟ್ಟಿ ಮಾಡಿ ಹೊರಗಿಡಿಸಿ, ಬೀಗ ಜಡಿದು, ಕೀಲಿಯನ್ನು ಮಾಲೀಕರ ಕೈಗೆ ಕೊಟ್ಟು ಹೋದರು.

ಕೂಗಾಡಿ ಪ್ರಯೋಜನವಿರಲಿಲ್ಲ, ಎಲ್ಲ ಕಾನೂನಿನ ಪ್ರಕಾರವೇ ನಡೆದಿತ್ತು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 5ರಂತೆ ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ. ತಡೆಯಾಜ್ಞೆಗೆ ಬೇರೆ ಅರ್ಜಿ ಹಾಕಬೇಕು, ಅದರ ಮೇಲೆ ಆದೇಶವೂ ಆಗಬೇಕು. ಇಲ್ಲಿ ಅರ್ಜಿ ಇತ್ತು, ಆದೇಶ ಇರಲಿಲ್ಲ. ಕಾರಣ, ಅಪೀಲು ತಡವಾಗಿತ್ತು. ತಡವಾದ ಅಪೀಲಿನ ಜೊತೆ ವಿಳಂಬ ಮನ್ನಿಸಿ ಎಂಬ ಅರ್ಜಿ ಇದ್ದರೆ, ಅಪೀಲು ಕೇಳಲು ಕೋರ್ಟು ಒಪ್ಪುವವರೆಗೆ ತಡೆಯಾಜ್ಞೆ ಕೊಡುವಂತಿಲ್ಲ. ಅದೇ ಆದೇಶ 41ರ ನಿಯಮ 3ಎ ಅದನ್ನು ಖಡಾಖಂಡಿತವಾಗಿ ಹೇಳುತ್ತದೆ. ಆ ಸಂದಿಯಲ್ಲೇ ಮಾಲೀಕರು ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿ ಜಾರಿ ಮಾಡಿಸಿ ಎಂಬ ಅರ್ಜಿ ಹಾಕಿ ವಾರಂಟ್ ತಂದರು.

ತಡ ಆಗಿದ್ದು ಎಲ್ಲಿ ಅಂದರೆ, ತೀರ್ಪು, ಡಿಕ್ರಿಯ ನಕಲು ತೆಗೆಯುವಲ್ಲಿ. ಜಿಲ್ಲೆಯ ಕೋರ್ಟುಗಳಲ್ಲಿ ಅಪೀಲಿಗೆ ಡಿಕ್ರಿಯ ದಿನದಿಂದ 30 ದಿನ, ಹೈಕೋರ್ಟಿಗಾದರೆ 90 ದಿನ. ದೃಢೀಕೃತ ನಕಲು ಪಡೆಯಲು ಹಿಡಿದ ಸಮಯವನ್ನು ಇದರಲ್ಲಿ ಕಳೆಯುತ್ತಾರೆ, ನಿಜ. ಆದರೆ ನಕಲಿನ ಮೇಲೆ ಹೊಡೆದಿರುವ ಮೊಹರನ್ನು ಒಮ್ಮೆ ನೋಡಿ: ಅರ್ಜಿ ಕೊಟ್ಟ ದಿನ, ನಕಲು ಸಿದ್ಧವಾದ ದಿನ, ಕೈಗೆ ಕೊಟ್ಟ ದಿನ ಬೇರೆಬೇರೆ ಇರುತ್ತವೆ. ಲೆಕ್ಕಕ್ಕೆ ಬರುವುದು ಮೊದಲ ಎರಡರ ನಡುವಿನ ಅವಧಿ. ಸಿದ್ಧವಾದ ನಕಲನ್ನು ತರಲು ಹೋಗದೆ ಬಿಟ್ಟ ದಿನಗಳೆಲ್ಲ ನಿಮ್ಮ ತಲೆಯ ಮೇಲೇ. ‘ಡಿಕ್ರಿ ಇನ್ನೂ ಬರೆದಿಲ್ಲ, ಬರೆದಮೇಲೆ ಅರ್ಜಿ ಹಾಕೋಣ’ ಅಂತ ಕಾದರೆ, ಆ ಕಾದ ದಿನಗಳನ್ನೂ ಕಳೆಯುವುದಿಲ್ಲ. ತೀರ್ಪು ಓದಿದ ದಿನ ಸಂಜೆಯೊಳಗೆ ನಕಲಿನ ಅರ್ಜಿ ಕೊಟ್ಟುಬಿಡಿ. ಅದೇ ಹೊತ್ತಿಗೆ, ಅಪೀಲಿನ ಅವಧಿ ಮುಗಿಯುವ ಮುನ್ನ ಡಿಕ್ರಿ ನಿಲ್ಲಿಸಿ ಎಂದು ತೀರ್ಪು ಕೊಟ್ಟ ಕೋರ್ಟನ್ನೇ ಕೇಳಲು ನಿಯಮ 5ರಲ್ಲೇ ದಾರಿಯಿದೆ. ಯಾಕೋ ಇದನ್ನು ಬಳಸುವವರು ಕಡಿಮೆ.

ಇನ್ನೊಂದು ಕೆಟ್ಟ ಚಾಳಿ, ಡಿಕ್ರಿಯಾದ ಮೇಲೆ ಬಾಡಿಗೆ ನಿಲ್ಲಿಸಿ ‘ಅಡ್ವಾನ್ಸಲ್ಲಿ ಮುರ್ಕೊಳ್ಳಲಿ ಬಿಡಿ’ ಅನ್ನುವುದು. ಬಾಕಿ ಉಳಿಸಿಕೊಂಡು ತಡೆಯಾಜ್ಞೆ ಕೇಳಿದರೆ ಯಾವ ನ್ಯಾಯಾಧೀಶರೂ ಸಲೀಸಾಗಿ ಕೊಡುವುದಿಲ್ಲ. ಕೊಟ್ಟರೂ ಷರತ್ತು ಹಾಕಬಹುದು. ಹಳೇ ಬಾಡಿಗೆಯಲ್ಲ, ಮಾರುಕಟ್ಟೆ ದರವನ್ನೇ ಕಟ್ಟಲು ಹೇಳಬಹುದು ಎಂದು ಸುಪ್ರೀಂ ಕೋರ್ಟು 2004ರ ಡಿಸೆಂಬರಿನಲ್ಲಿ ಆತ್ಮರಾಮ್ ಪ್ರಾಪರ್ಟೀಸ್ ಪ್ರಕರಣದಲ್ಲಿ ಹೇಳಿದೆ. ಒಂದು ಕಂತು ತಪ್ಪಿದರೂ ತಡೆಯಾಜ್ಞೆ ಕೈತಪ್ಪಬಹುದು. ಬಾಡಿಗೆಯನ್ನು ಬ್ಯಾಂಕ್ ಮೂಲಕವೇ ಕಳಿಸಿ. ಚೀಟಿಯಿಲ್ಲದೆ ಕೈಯಲ್ಲಿ ಕೊಟ್ಟ ದುಡ್ಡನ್ನು ಸಾಬೀತು ಮಾಡುವುದು ಕಷ್ಟ.

ಖಾಲಿ ಮಾಡಿ ಎಂದು ಮಾಲೀಕರು ಕೊಟ್ಟ ‘ನೋಟೀಸ್ ಸರಿಯಿಲ್ಲ’ ಎಂಬ ಒಂದೇ ವಾದ ನಂಬಿ ಅಪೀಲು ಬರೆಸುವವರೂ ಇದ್ದಾರೆ. ಸ್ವತ್ತು ವರ್ಗಾವಣೆ ಕಾಯ್ದೆಯ 106ನೇ ಕಲಮಿಗೆ 2002ರಲ್ಲಿ ತಿದ್ದುಪಡಿಯಾದ ಮೇಲೆ, ನೋಟೀಸಿನಲ್ಲಿ 15 ದಿನಕ್ಕಿಂತ ಕಡಿಮೆ ಗಡುವು ಬರೆದಿದ್ದರೂ ದಾವೆ ಆ 15 ದಿನ ಕಳೆದ ಮೇಲೆ ಹೂಡಿದ್ದರೆ ನೋಟೀಸ್ ಬಿದ್ದುಹೋಗದು. 1999ರ ಕರ್ನಾಟಕ ಬಾಡಿಗೆ ಕಾಯ್ದೆಯ ಆಸರೆಯೂ 14 ಚದರ ಮೀಟರ್, ಅಂದರೆ ಸುಮಾರು 150 ಚದರಡಿ ಮೀರಿದ ಮಳಿಗೆಗೆ ಸಿಗದು. ಆ ಕಾಯ್ದೆಯಡಿ ಆದೇಶವಾಗಿದ್ದರೆ ಹೋಗಬೇಕಾದದ್ದು ಅಪೀಲಿಗಲ್ಲ, ರಿವಿಷನ್‌ಗೆ (ಮರುಪರಿಶೀಲನೆಯ ಅರ್ಜಿಗೆ). ಅಲ್ಲೂ ಬಾಕಿ ಕಟ್ಟದಿದ್ದರೆ ಅಹವಾಲು ಕೇಳುವುದಿಲ್ಲ.

ಖಾಲಿ ಮಾಡಲು ಸಮಯ ಬೇಕೆಂದು ಮುಚ್ಚಳಿಕೆ ಬರೆದುಕೊಡುವ ಮುನ್ನ ಹತ್ತು ಸಲ ಯೋಚಿಸಿ. ಬರೆದುಕೊಟ್ಟು ಆಮೇಲೆ ಅಪೀಲಿಗೆ ಹೋದರೆ ಆ ಕಾಗದವೇ ನಿಮಗೆ ಎದುರು ಸಾಕ್ಷಿ, ಮೀರಿದರೆ ನ್ಯಾಯಾಂಗ ನಿಂದನೆ ಬೇರೆ.

ಕೋರ್ಟ್ ಶುಲ್ಕಕ್ಕೆ ಹೆದರಬೇಕಿಲ್ಲ. ಬರೀ ಖಾಲಿ ಮಾಡಿಸುವ ದಾವೆಯಾದರೆ ಪ್ರೀಮಿಯಂ (ಮಾಲೀಕರಿಗೆ ಕೊಟ್ಟ, ವಾಪಸ್ ಬಾರದ ಮೊತ್ತ) ಏನೂ ಇಲ್ಲದಿದ್ದಲ್ಲಿ ಒಂದು ವರ್ಷದ ಬಾಡಿಗೆಯ ಮೇಲೆ ಲೆಕ್ಕ, ಅಪೀಲಿಗೂ ಅದೇ. ಮಾಲೀಕರು ಕೇವಿಯಟ್ (ನಮ್ಮನ್ನು ಕೇಳದೆ ಆದೇಶ ಮಾಡಬೇಡಿ ಎಂಬ ಮುನ್ನೆಚ್ಚರಿಕೆ ಅರ್ಜಿ) ಹಾಕಿದ್ದಾರಾ ನೋಡಿಕೊಳ್ಳಿ. ಹಾಕಿದ್ದರೆ ಅವರಿಗೆ ತಿಳಿಸದೆ ತಡೆಯಾಜ್ಞೆ ಆಗದು. ಇ-ಕೋರ್ಟ್ಸ್ ಆ್ಯಪಿನಲ್ಲಿ ಅಪೀಲನ್ನಷ್ಟೇ ಅಲ್ಲ, ನಿಮ್ಮ ಹೆಸರಲ್ಲಿ ಅಮಲ್ಜಾರಿ ಪ್ರಕರಣ ದಾಖಲಾಗಿದೆಯಾ ಅಂತಲೂ ವಾರಕ್ಕೊಮ್ಮೆ ಹುಡುಕಿ. ಹೈಕೋರ್ಟಿಗೆ ಹೋಗಬೇಕಾಗಿ ಬಂದರೆ, ಧಾರವಾಡ ಹತ್ತಿರ ಅನ್ನಿಸಿದರೂ ದಾವಣಗೆರೆ, ಚಿತ್ರದುರ್ಗದ ಕಡತಗಳು ಬೆಂಗಳೂರು ಪೀಠಕ್ಕೇ.

ಬೀಗ ಬಿದ್ದ ಮೇಲೂ ಅಪೀಲು ಸಾಯುವುದಿಲ್ಲ. ಗೆದ್ದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 144ನೇ ಕಲಮಿನಡಿ ಸ್ವಾಧೀನ ವಾಪಸ್ ಕೇಳಬಹುದು. ಅಷ್ಟರಲ್ಲಿ ಆ ಮಳಿಗೆಯಲ್ಲಿ ಬೇರೊಬ್ಬರ ವ್ಯಾಪಾರ ಶುರುವಾಗಿದ್ದರೆ, ಅವರನ್ನು ಎಬ್ಬಿಸಲು ಇನ್ನೊಂದು ಸುತ್ತು ಓಡಾಟ.