ಹೈ ರೆಸಲ್ಯೂಷನ್ ಎಂದು ಎಂಪಿ3 ಮಾರುತ್ತಿದ್ದಾರೆ, ಹಣ ಕೊಡಬೇಡಿ

ಬ್ರಿಟನ್ನಿನ ರಾಕ್ ತಂಡ ಕ್ವೀನ್‌ನ ‘ಹಾಟ್ ಸ್ಪೇಸ್’ ಆಲ್ಬಂನ ಹೈ ರೆಸಲ್ಯೂಷನ್ ರೀಮಾಸ್ಟರ್ (ಸಿಡಿಗಿಂತ ಹೆಚ್ಚು ವಿವರವಿರುವಂತೆ ಹೊಸದಾಗಿ ಹದಗೊಳಿಸಿದ ಫೈಲು) ಎಂದು ನಂಬಿ 1,400 ರೂಪಾಯಿ ಕೊಟ್ಟೆ. ಕೈಗೆ ಬಂದದ್ದು ಗಾತ್ರ ಮಾತ್ರ ಹಿಗ್ಗಿಸಿದ ಎಂಪಿ3, ಅಂದರೆ ಧ್ವನಿಯ ಒಂದಿಷ್ಟು ಭಾಗವನ್ನು ಬಿಟ್ಟು ಚಿಕ್ಕದು ಮಾಡಿದ್ದ ಫೈಲು. ಬರೆಯಲು ನಾಚಿಕೆಯಾಗುತ್ತಿದೆ, ಆದರೂ ಬರೆಯುತ್ತೇನೆ.

ಗಿಟಾರನ್ನು ಹಿಂದೆ ಸರಿಸಿ ಎಲೆಕ್ಟ್ರಾನಿಕ್ ವಾದ್ಯಗಳಾದ ಸಿಂಥ್ ಬಾಸ್, ಡ್ರಮ್ ಮಷೀನ್ ಮುಂದಿಟ್ಟರೆಂದು ಎಷ್ಟೋ ರಾಕ್ ಅಭಿಮಾನಿಗಳು 1982ರಲ್ಲಿ ಮುನಿಸಿಕೊಂಡ ಆಲ್ಬಂ ಇದು. ನನಗೆ ಇದೇ ಅಚ್ಚುಮೆಚ್ಚು. ಮಾಸ್ಟರಿಂಗ್ ಇಂಜಿನಿಯರ್ ಬಾಬ್ ಲುಡ್ವಿಗ್ ರೀಮಾಸ್ಟರ್ ಮಾಡಿದ 2011ರ ಸಿಡಿ ನನ್ನಲ್ಲಿದೆ. ಅದಕ್ಕಿಂತ ಉತ್ತಮವಾದದ್ದು, 24 ಬಿಟ್, 96 ಕಿಲೋಹರ್ಟ್ಸ್ (ಸೆಕೆಂಡಿಗೆ 96,000 ಸಲ ಧ್ವನಿಯ ಅಳತೆ), ನೇರವಾಗಿ ಮಾಸ್ಟರ್ ಟೇಪಿನಿಂದ, ಅಂದರೆ ಮೂಲ ಮುದ್ರಣದಿಂದ ಎಂದು ಮಾರಾಟಗಾರ ಹೇಳಿದ. ನಂಬಿದೆ.

ಮೊದಲ ಹಾಡಿಗೆ ಸಂಗೀತ ನಿರ್ಮಾಪಕ ಆರಿಫ್ ಮಾರ್ಡಿನ್ ಹೊಂದಿಸಿದ ಕಹಳೆಗಳಿವೆಯಲ್ಲ, ಅವುಗಳ ಮೊನಚಿಗಾಗಿಯೇ ಕಾದು ಕುಳಿತಿದ್ದೆ. ಕಂಬಳಿಯೊಳಗೆ ಊದಿದಂತೆ ಕೇಳಿಸಿತು. ಸಿಡಿ ಹಾಕಿದೆ. ಮತ್ತೆ ಫೈಲು. ಮತ್ತೆ ಸಿಡಿ. ಸಿಡಿಯೇ ಚೆನ್ನಾಗಿದೆ! ಫೈಲನ್ನು ಅಡಾಸಿಟಿ ಎಂಬ ಧ್ವನಿ ತಂತ್ರಾಂಶದಲ್ಲಿ ತೆರೆದು ಸ್ಪೆಕ್ಟ್ರೋಗ್ರಾಂ (ಯಾವ ಕಂಪನಾಂಕದವರೆಗೆ ಧ್ವನಿ ಇದೆ ಎಂದು ತೋರಿಸುವ ಚಿತ್ರ) ನೋಡಿದಾಗ ಹೊಟ್ಟೆ ಉರಿಯಿತು. 96ರ ಫೈಲಿನಲ್ಲಿ ಅದರ ಅರ್ಧ, ಅಂದರೆ 48 ಕಿಲೋಹರ್ಟ್ಸ್‌ವರೆಗಿನ ಧ್ವನಿಗೆ ಜಾಗವಿರುತ್ತದೆ, ಸಿಡಿಯಲ್ಲೇ 22ರವರೆಗೆ ಇರುತ್ತದೆ. ಇಲ್ಲಿ 16ಕ್ಕೇ ಎಲ್ಲ ನಿಂತಿದೆ, ಕತ್ತಿಯಲ್ಲಿ ಕೊಯ್ದ ಹಾಗೆ. ಹನ್ನೊಂದು ಹಾಡುಗಳಲ್ಲೂ ಅದೇ ಗೆರೆ. ಕಡಿಮೆ ಬಿಟ್‌ರೇಟಿನ (ಸೆಕೆಂಡಿಗೆ ಕಡಿಮೆ ದತ್ತಾಂಶ ಬಳಸುವ) ಎಂಪಿ3 ಬಿಟ್ಟುಹೋಗುವ ಗುರುತು ಅದು.

ಆ ಚಿತ್ರವನ್ನು ಮಾರಾಟಗಾರನಿಗೆ ಕಳುಹಿಸಿ ಕೇಳಿದೆ. “ಸರ್, ಫೈಲು ಒಂದೂವರೆ ಜಿಬಿ ಇದೆ, ನಕಲಿ ಹೇಗಾಗುತ್ತದೆ?” ಎಂದ. ಸೆಕೆಂಡಿಗೆ 128 ಕಿಲೋಬಿಟ್‌ನ ಎಂಪಿ3ಯನ್ನೂ 24 ಬಿಟ್, 96ರ ವೇವ್ (ಕುಗ್ಗಿಸದ ಧ್ವನಿ ಫೈಲು) ಮಾಡಿದರೆ ಅಷ್ಟೇ ತೂಗುತ್ತದೆ ಎಂದೆ. “ನಿಮ್ಮ ಹೆಡ್‌ಫೋನ್ ಬದಲಾಯಿಸಿ ನೋಡಿ” ಎಂದ. ಚಿತ್ರಕ್ಕೂ ಹೆಡ್‌ಫೋನಿಗೂ ಏನು ಸಂಬಂಧ? ಕೊನೆಗೆ, “ಇದು ಡಿಸ್ಕೋ ಆಲ್ಬಂ ಸರ್, ಮೂಲದಲ್ಲೇ ಹೀಗಿದೆ. ಡೌನ್‌ಲೋಡ್ ಆದ ಮೇಲೆ ಹಣ ವಾಪಸ್ ಇಲ್ಲ.” ಮೂಲದಲ್ಲೇ ಹೀಗಿದೆಯಂತೆ! ಸಿಡಿ ನನ್ನ ಎದುರಿಗೇ ಇತ್ತು. ಹಣ ಹೋದದ್ದಕ್ಕಿಂತ ಈ ಮಾತು ಹೆಚ್ಚು ಚುಚ್ಚಿತು. ಮರುದಿನ ನನ್ನ ನಂಬರನ್ನೇ ಬ್ಲಾಕ್ ಮಾಡಿದ್ದಾನೆ.

ಹಣ ಕೊಡುವ ಮೊದಲು ಒಂದು ಹಾಡಿನ ತುಣುಕನ್ನಾದರೂ ಕೇಳಿ ಪಡೆಯಿರಿ, ಸ್ಪೆಕ್ಟ್ರೋಗ್ರಾಂ ನೀವೇ ತೆಗೆಯಿರಿ. ಅವನು ಕಳುಹಿಸುವ ಚಿತ್ರವನ್ನು ನಂಬಬೇಡಿ. ಫೈಲಿನ ಗಾತ್ರವನ್ನಂತೂ ನಂಬಲೇಬೇಡಿ. ಕೊಡುವುದಿಲ್ಲ ಎಂದರೆ ಅಲ್ಲಿಗೇ ಬಿಟ್ಟುಬಿಡಿ. ನಿನ್ನೆ ನೋಡಿದೆ, ಅದೇ ಆಲ್ಬಂ ಅವನ ಪಟ್ಟಿಯಲ್ಲಿ ಇನ್ನೂ ಇದೆ, ‘ಮಾಸ್ಟರ್ ಟೇಪಿನಿಂದ’ ಎಂಬ ಸಾಲಿನೊಂದಿಗೆ. ಬೆಲೆ ಈಗ 1,600.