ಡೇಟನ್ ವಾಯುಪಡೆ ಮ್ಯೂಸಿಯಂ: ಮೂತಿ ಬಿಡಿ, ಹೊಟ್ಟೆ ನೋಡಿ

ಅಮೆರಿಕದ ಓಹಾಯೊ ರಾಜ್ಯದ ಡೇಟನ್ ಊರಲ್ಲಿ, ರೈಟ್-ಪ್ಯಾಟರ್ಸನ್ ವಾಯುನೆಲೆಗೆ ಸೇರಿದಂತೆ ಇರುವ ಅಮೆರಿಕ ವಾಯುಪಡೆಯ ರಾಷ್ಟ್ರೀಯ ಮ್ಯೂಸಿಯಂಗೆ ಟಿಕೆಟ್ ಇಲ್ಲ, ಪಾರ್ಕಿಂಗ್‌ಗೂ ದುಡ್ಡಿಲ್ಲ. ಬೆಳಿಗ್ಗೆ 9ರಿಂದ ಸಂಜೆ 5. ಥ್ಯಾಂಕ್ಸ್‌ಗಿವಿಂಗ್, ಕ್ರಿಸ್‌ಮಸ್, ಹೊಸ ವರ್ಷದ ದಿನ ಬಿಟ್ಟರೆ ವರ್ಷವಿಡೀ ತೆರೆದಿರುತ್ತದೆ. ಸಿನ್ಸಿನಾಟಿಯಿಂದ ಕಾರಿನಲ್ಲಿ ಒಂದು ಗಂಟೆ, ಕೊಲಂಬಸ್‌ನಿಂದ ಅದಕ್ಕಿಂತ ತುಸು ಹೆಚ್ಚು. ಬಾಗಿಲಲ್ಲಿ ಭದ್ರತಾ ತಪಾಸಣೆ ಇದೆ, ಬ್ಯಾಗು ಸಣ್ಣದಿದ್ದಷ್ಟೂ ಒಳ್ಳೆಯದು. ಸಾಲಾಗಿ ನಾಲ್ಕು ದೈತ್ಯ ಹ್ಯಾಂಗರುಗಳು, ಅಂದರೆ ವಿಮಾನ ನಿಲ್ಲಿಸುವ ಕಟ್ಟಡಗಳು. ಬಾಂಬರ್‌ಗಳನ್ನಷ್ಟೇ, ಅಂದರೆ ಬಾಂಬು ಹಾಕುವ ವಿಮಾನಗಳನ್ನಷ್ಟೇ, ನೋಡುತ್ತೇವೆಂದರೂ ಐದು ಗಂಟೆ ಬೇಕು. ಮೊದಲ ಹ್ಯಾಂಗರಿನಲ್ಲೇ ಮೂರು ಗಂಟೆ ಕಳೆದು, ಕೊನೆಯ ಎರಡನ್ನು ಓಡುತ್ತಾ ನೋಡುವುದು ಇಲ್ಲಿ ಆಗುವ ಸಾಮಾನ್ಯ ಎಡವಟ್ಟು.

ಐದಕ್ಕೆ ನಾಲ್ಕು ಅಂಕ ಕೊಡಬಹುದು. ಕಳೆದ ಒಂದು ಅಂಕ ಬೆಳಕಿಗೆ ಮತ್ತು ಇಕ್ಕಟ್ಟಿಗೆ. ಮೊದಲ ಮೂರು ಹ್ಯಾಂಗರುಗಳು ನಾಟಕದ ರಂಗದಂತೆ ಕತ್ತಲು ಕತ್ತಲು. ಒಂದು ವಿಮಾನದ ರೆಕ್ಕೆಯಡಿ ಇನ್ನೊಂದರ ಬಾಲ. ಮೊಬೈಲ್ ಫೋಟೊಗಳು ಕಲಸಿಹೋಗುತ್ತವೆ. ಕೈ ನಡುಗದಂತೆ ಕಟಕಟೆಗೆ ಒರಗಿ ತೆಗೆಯುವುದೇ ಉಪಾಯ.

ಬಾಂಬರ್ ನೋಡಲು ಬಂದವರು ವಿಮಾನದ ಮೂತಿಯ ಮೇಲೆ ಬರೆದ ಚಿತ್ರದ ಮುಂದೆ ನಿಲ್ಲುತ್ತಾರೆ. ನೋಡಬೇಕಾದದ್ದು ಹೊಟ್ಟೆ. ಬಾಂಬ್ ಬೇ, ಅಂದರೆ ಬಾಂಬು ತುಂಬುವ ಖಾನೆ, ಎಷ್ಟು ಉದ್ದ, ಎಷ್ಟು ಅಗಲ, ಬಾಗಿಲು ಹೇಗೆ ತೆರೆಯುತ್ತದೆ, ಬಾಂಬನ್ನು ನೆಲದಿಂದ ಮೇಲೆತ್ತಿದ್ದು ಹೇಗೆ ಎಂದು ಕೇಳಿಕೊಂಡು ಹೋದರೆ, 1942ರಿಂದ ಇವತ್ತಿನವರೆಗಿನ ಅಮೆರಿಕನ್ ಬಾಂಬರ್‌ಗಳು ಹಾಗೇಕಿವೆ ಎಂಬುದು ತಾನಾಗಿ ಬಿಡಿಸಿಕೊಳ್ಳುತ್ತದೆ.

ಎರಡನೇ ಮಹಾಯುದ್ಧದ ವಿಭಾಗದಲ್ಲಿ ಮೊದಲು 'ಮೆಂಫಿಸ್ ಬೆಲ್' ಎಂಬ ಬಿ-17ಎಫ್. 1943ರ ಮೇ 17ಕ್ಕೆ ತಂಡ 25 ದಾಳಿ ಮುಗಿಸಿದ ವಿಮಾನ ಇದು. 2005ರಲ್ಲಿ ಡೇಟನ್‌ಗೆ ಬಂದು, ವರ್ಷಗಟ್ಟಲೆ ದುರಸ್ತಿಯಾಗಿ, 2018ರ ಮೇ 17ರಂದು ಪ್ರದರ್ಶನಕ್ಕೆ ಬಂತು. ದುರಸ್ತಿ ಕೆಲಸಕ್ಕೆ ಬೆರಳು ತೋರಿಸುವಂತಿಲ್ಲ. ಆದರೆ ಬಿ-17ರ ಕೀರ್ತಿಗೂ ಅದರ ಹೊಟ್ಟೆಗೂ ತಾಳೆಯಾಗುವುದಿಲ್ಲ. ಅದರ ಬಾಂಬ್ ಬೇ ಎತ್ತರ, ಆದರೆ ಗಿಡ್ಡ. ಕಾಕ್‌ಪಿಟ್ಟಿಗೂ ರೇಡಿಯೊ ಕೋಣೆಗೂ ನಡುವೆ ಸಿಕ್ಕಿಕೊಂಡ ಬೀರುವಿನಂತೆ. ಬಾಂಬುಗಳನ್ನು ಒಂದರ ಮೇಲೊಂದು ನೇತುಹಾಕಬೇಕು. ಉದ್ದನೆಯ ಬಾಂಬಿಗೆ ಜಾಗವೇ ಇಲ್ಲ. ಒಳಗೆ ಹಿಡಿಸುತ್ತಿದ್ದ ದೊಡ್ಡ ಬಾಂಬೆಂದರೆ 2,000 ಪೌಂಡಿನದು. ದೂರದ ಗುರಿಗೆ ಹೋಗುವಾಗ ಒಟ್ಟು ಹೊರೆ ಸಾಮಾನ್ಯವಾಗಿ 4,000ದಿಂದ 6,000 ಪೌಂಡ್. ಅದೇ ಕಾಲದ ಬ್ರಿಟಿಷ್ ಲ್ಯಾಂಕಾಸ್ಟರ್‌ಗೆ ಅಡ್ಡಗೋಡೆಯಿಲ್ಲದ 33 ಅಡಿ ಉದ್ದದ ಬೇ ಇತ್ತು. ಅದಕ್ಕೇ ಅದು 12,000 ಪೌಂಡಿನ ಒಂದೇ ಬಾಂಬನ್ನು ಹೊತ್ತಿತು. ಅಮೆರಿಕನ್ನರು ಆ ತೂಕವನ್ನು ಬಂದೂಕು, ಗುಂಡು, ಕಾವಲು ಸಿಬ್ಬಂದಿಗೆ ಸುರಿದರು. ಹಗಲಿನಲ್ಲಿ ಹಾರುವವರಿಗೆ ಅದು ಬೇಕಿತ್ತು.

ಆ ಕಾಲದ ದಿನಬಳಕೆಯ ಸರಕು 500 ಪೌಂಡಿನ (ಸುಮಾರು 227 ಕೆ.ಜಿ.) ಎಂ64 ಬಾಂಬು. ತೂಕದಲ್ಲಿ ಹತ್ತಿರ ಹತ್ತಿರ ಅರ್ಧ ಸ್ಫೋಟಕ. ಇದರ ಕೆಲಸದ ಕ್ರಮ ತಿಳಿದಿದ್ದರೆ ಯಾವ ಪ್ರದರ್ಶನದ ಬಾಂಬನ್ನೂ ಓದಬಹುದು. ಮೂತಿಗೊಂದು, ಬಾಲಕ್ಕೊಂದು ಫ್ಯೂಸ್, ಅಂದರೆ ಬಾಂಬನ್ನು ಸಿಡಿಸುವ ಕೀಲು. ಫ್ಯೂಸಿನ ತುದಿಯಲ್ಲಿ ಪುಟ್ಟ ಗಾಳಿಚಕ್ರ. ಅದು ತಿರುಗದಂತೆ ತಡೆಯಲು ಒಂದು ಸೇಫ್ಟಿ ಪಿನ್, ಜೊತೆಗೆ ಒಂದು ತಂತಿ. ವಿಮಾನ ಮೇಲೇರಿದ ಮೇಲೆ ಒಬ್ಬ ಬಾಂಬ್ ಬೇಗೆ ಹೋಗಿ ಪಿನ್ನುಗಳನ್ನು ಕೀಳುತ್ತಾನೆ. ಬಾಂಬು ಬಿದ್ದಾಗ ತಂತಿ ವಿಮಾನದಲ್ಲೇ ಉಳಿಯುತ್ತದೆ. ಚಕ್ರ ಗಾಳಿಗೆ ತಿರುಗಿ, ಇಷ್ಟು ಸುತ್ತಾದ ಮೇಲೆ ಫ್ಯೂಸ್ ಸಜ್ಜಾಗುತ್ತದೆ. ತಂತಿಯನ್ನೂ ಬಾಂಬಿನ ಜೊತೆಗೇ ಬಿಟ್ಟುಬಿಟ್ಟರೆ ಅದು ಸಜ್ಜಾಗದೆ ಬೀಳುತ್ತದೆ. ತಮ್ಮವರ ನೆಲದ ಮೇಲೆ ಹೊರೆ ಚೆಲ್ಲಬೇಕಾದಾಗ ಹೀಗೆ ಮಾಡುತ್ತಿದ್ದರು. ಕೆಟ್ಟುಹೋಗುತ್ತಿದ್ದದ್ದು ಹೆಚ್ಚಾಗಿ ಮೇಲಿನ ಕೊಂಡಿ, ಅಂದರೆ ಶ್ಯಾಕಲ್. ಚಳಿಗೆ ಹಿಮಗಟ್ಟಿ ಬಿಚ್ಚಿಕೊಳ್ಳದೆ ಬಾಂಬು ನೇತಾಡುತ್ತಿತ್ತು. ಆಗ ಯಾರಾದರೂ ಕೈಯಲ್ಲಿ ಆಕ್ಸಿಜನ್ ಬಾಟಲಿ ಹಿಡಿದು, ಒಂದು ಪಾದದಗಲದ ಕಿರುದಾರಿಯಲ್ಲಿ, ತೆರೆದ ಬಾಗಿಲ ಮೇಲೆ ನಿಂತು, ಸ್ಕ್ರೂಡ್ರೈವರ್‌ನಿಂದ ಅದನ್ನು ಬಿಡಿಸಬೇಕಿತ್ತು. ಇಕ್ಕಟ್ಟಿನಲ್ಲಿ ಪ್ಯಾರಾಚೂಟ್ ಕಟ್ಟಿಕೊಳ್ಳಲು ಆಗುತ್ತಿರಲಿಲ್ಲ.

ಅದೇ ವಿಭಾಗದಲ್ಲಿ ಬಿ-24ಡಿ ಇದೆ. 1943-44ರಲ್ಲಿ ಉತ್ತರ ಆಫ್ರಿಕಾದಿಂದ ಹಾರಿದ್ದು, 1959ರಲ್ಲಿ ಮ್ಯೂಸಿಯಂಗೆ ಬಂದದ್ದು. ಇದರ ಬಾಂಬ್ ಬೇ ಬಾಗಿಲು ನಮ್ಮ ಅಂಗಡಿ ಶಟರ್‌ನಂತೆ. ಕೆಳಕ್ಕೆ ತೆರೆದುಕೊಳ್ಳುವುದಿಲ್ಲ, ಪಕ್ಕೆಯ ಮೇಲೆ ಸುರುಳಿಯಂತೆ ಜಾರುತ್ತದೆ. ಬಾಗಿಲು ಗಾಳಿಗೆ ಅಡ್ಡ ನಿಲ್ಲುವುದಿಲ್ಲ. ಹೊಟ್ಟೆ ನೆಲಕ್ಕೆ ತೀರಾ ಹತ್ತಿರವಿರುವ ವಿಮಾನಕ್ಕೆ ಬಾಂಬು ತುಂಬಲೂ ಸುಲಭ. ಆದರೆ ತಗಡು ಎಷ್ಟು ತೆಳುವೆಂದರೆ ಮನುಷ್ಯ ಕಾಲಿಟ್ಟರೆ ಕಿತ್ತುಕೊಂಡು ಹೋಗುತ್ತದೆ. ಇನ್ನೊಂದು ರೋಗ ಪೆಟ್ರೋಲ್ ಸೋರಿಕೆ. ಆವಿ ಬೇಯಲ್ಲಿ ತುಂಬಿ ಬೆಂಕಿ ಹತ್ತೀತೆಂದು ಸಿಬ್ಬಂದಿ ಶಟರನ್ನು ಒಂದಿಷ್ಟು ತೆರೆದಿಟ್ಟೇ ಹಾರುತ್ತಿದ್ದರು.

ಕನ್ನಡಿಗರು ಈ ವಿಮಾನದ ಮುಂದೆ ಎರಡು ನಿಮಿಷ ಹೆಚ್ಚು ನಿಂತರೆ ತಪ್ಪಿಲ್ಲ. ಯುದ್ಧ ಮುಗಿದ ಮೇಲೆ ಕಾನ್ಪುರದಲ್ಲಿ ಗುಜರಿಗೆಂದು ಬಿಟ್ಟುಹೋದ ಬಿ-24ಗಳಲ್ಲಿ ಸುಮಾರು ನಲವತ್ತನ್ನು ಬೆಂಗಳೂರಿನ ಹಿಂದೂಸ್ತಾನ್ ಏರ್‌ಕ್ರಾಫ್ಟ್ ಕಾರ್ಖಾನೆ ಮತ್ತೆ ಹಾರುವಂತೆ ಮಾಡಿತು. 1948ರ ನವೆಂಬರ್‌ನಲ್ಲಿ ಭಾರತೀಯ ವಾಯುಪಡೆಯ 5ನೇ ಸ್ಕ್ವಾಡ್ರನ್ ಕಟ್ಟಿದ್ದು ಈ ವಿಮಾನಗಳಿಂದಲೇ. 1968ರವರೆಗೆ ಇವು ಸೇವೆಯಲ್ಲಿದ್ದವು. ಅಷ್ಟು ಹೊತ್ತಿಗೆ ಅಮೆರಿಕನ್ನರು ತಮ್ಮವುಗಳಲ್ಲಿ ಬಹುಪಾಲನ್ನು ಕರಗಿಸಿ ಅಲ್ಯೂಮಿನಿಯಂ ಮಾಡಿಬಿಟ್ಟಿದ್ದರು. ಅದಕ್ಕೇ ಇಂದು ಅರಿಝೋನಾದ ಪೀಮಾ ಮ್ಯೂಸಿಯಂನಲ್ಲೂ ಬ್ರಿಟಿಷ್ ವಾಯುಪಡೆ ಮ್ಯೂಸಿಯಂನಲ್ಲೂ ಇರುವ ಬಿ-24ಗಳು ಭಾರತದಿಂದ ಹೋದವು. ಡೇಟನ್‌ನದು ಮಾತ್ರ ಆ ಗುಂಪಿನದಲ್ಲ. ಓಹಾಯೊವರೆಗೆ ಹೋಗಲಾಗದವರಿಗೆ ದೆಹಲಿಯ ಪಾಲಂ ಮ್ಯೂಸಿಯಂನಲ್ಲಿ ಒಂದಿದೆ.

ಇನ್ನು 'ಬಾಕ್ಸ್‌ಕಾರ್'. ನಾಗಸಾಕಿಯ ಮೇಲೆ 1945ರ ಆಗಸ್ಟ್ 9ರಂದು ಅಣುಬಾಂಬು ಹಾಕಿದ ಬಿ-29, 1961ರಿಂದ ಇಲ್ಲಿದೆ. ಹಿರೋಷಿಮಾದ 'ಎನೋಲಾ ಗೇ' ವಾಷಿಂಗ್ಟನ್ ಬಳಿಯ ಚಾಂಟಿಲಿಯಲ್ಲಿದೆ. ಬಹಳ ಜನ ಎರಡನ್ನೂ ಅದಲುಬದಲು ಮಾಡುತ್ತಾರೆ. ಮೂತಿಯ ಮೇಲಿನ ರೈಲು ಡಬ್ಬಿಯ ಚಿತ್ರ ದಾಳಿಯ ದಿನ ಇರಲಿಲ್ಲ, ಆಮೇಲೆ ಬರೆದದ್ದು. ಹಾಗಾಗಿ ಚಿತ್ರ ಬಿಟ್ಟು ಬೆನ್ನು ನೋಡಿ. ಮಾಮೂಲಿ ಬಿ-29ರ ಬೆನ್ನಿನ ಮೇಲೂ ಹೊಟ್ಟೆಯಡಿಯೂ ಬಂದೂಕು ಗೋಪುರಗಳಿರುತ್ತವೆ. ಇದರಲ್ಲಿ ಅವನ್ನು ಕಿತ್ತು ಬೋಳು ಮಾಡಿ, ಬಾಲದ ಬಂದೂಕುಗಳನ್ನಷ್ಟೇ ಉಳಿಸಿದ್ದಾರೆ. ಪ್ರೊಪೆಲರ್‌ಗಳು ಉಲ್ಟಾ ತಿರುಗಿಸಿ ಬ್ರೇಕ್ ಹಾಕಬಲ್ಲ ಕರ್ಟಿಸ್ ಎಲೆಕ್ಟ್ರಿಕ್ ಮಾದರಿಯವು. ಬಾಂಬ್ ಬೇ ಬಾಗಿಲು ಗಾಳಿಯೊತ್ತಡದಿಂದ ರಪ್ಪನೆ ತೆರೆಯುವಂಥದ್ದು. ಒಳಗೆ ಸಾಲು ಕೊಂಡಿಗಳ ಬದಲು ಒಂದೇ ಕೊಂಡಿ, ಅದೂ ಲ್ಯಾಂಕಾಸ್ಟರ್‌ನ ದೊಡ್ಡ ಬಾಂಬಿಗೆ ಬ್ರಿಟಿಷರು ಮಾಡಿದ ಮಾದರಿ. ಅಮೆರಿಕನ್ನರ ಬಳಿ ಅಷ್ಟು ತೂಕವನ್ನು ಒಂದೇ ಕಡೆ ಹಿಡಿಯುವ, ನೆಚ್ಚಬಹುದಾದ ಕೊಂಡಿ ಇರಲಿಲ್ಲ.

ಹತ್ತಿರದಲ್ಲೇ ನಾಗಸಾಕಿಯ ಬಾಂಬು 'ಫ್ಯಾಟ್ ಮ್ಯಾನ್', ಹಿರೋಷಿಮಾದ ಬಾಂಬು 'ಲಿಟಲ್ ಬಾಯ್' ಇವುಗಳ ಕವಚಗಳಿವೆ. ಫ್ಯಾಟ್ ಮ್ಯಾನ್ 60 ಇಂಚು ದಪ್ಪ, 128 ಇಂಚು ಉದ್ದ, 10,300 ಪೌಂಡ್ (ಸುಮಾರು 4,670 ಕೆ.ಜಿ.). ಒಳಗಿನ ಪ್ಲುಟೋನಿಯಂ ಬರೀ 6.2 ಕೆ.ಜಿ., ಒಂದು ಕೈಚೀಲದ ಅಕ್ಕಿಯಷ್ಟು. ಉಳಿದ ತೂಕದಲ್ಲಿ ಹೆಚ್ಚಿನದು ಅದನ್ನು ಎಲ್ಲ ದಿಕ್ಕಿನಿಂದ ಒಂದೇ ಕ್ಷಣಕ್ಕೆ ಹಿಂಡುವ ಸ್ಫೋಟಕ ಮತ್ತು ಉಕ್ಕು. ಈ ದಪ್ಪಕ್ಕೆ ಬಿ-29ರ ಹೊಟ್ಟೆಯಡಿ ಜಾಗ ಸಾಲದು, ಬಾಂಬನ್ನು ಗಾಡಿಯಲ್ಲಿ ತಳ್ಳಿ ತರಲಾಗದು. ಅದಕ್ಕೆ ವಿಮಾನ ಹೊರಡುವ ನೆಲೆಯಾದ ಟಿನಿಯನ್ ದ್ವೀಪದಲ್ಲಿ ಗುಂಡಿ ತೋಡಿ, ಬಾಂಬನ್ನು ಮೊದಲು ಒಳಗಿಳಿಸಿ, ವಿಮಾನವನ್ನು ಅದರ ಮೇಲೆ ತಂದು ನಿಲ್ಲಿಸಿ, ಹೈಡ್ರಾಲಿಕ್ ಜಾಕಿನಿಂದ ಮೇಲಕ್ಕೆತ್ತಿದರು. ಲಿಟಲ್ ಬಾಯ್ ಅನ್ನು ಹಾರಾಟದಲ್ಲೇ ಜೋಡಿಸಿ ಸಜ್ಜುಗೊಳಿಸಲು ಆಯಿತು. ಫ್ಯಾಟ್ ಮ್ಯಾನ್‌ನಲ್ಲಿ ಅದು ಸಾಧ್ಯವಿಲ್ಲ. ಪೂರ್ತಿ ಜೋಡಿಸಿದ ಬಾಂಬಿನೊಂದಿಗೇ ನೆಲ ಬಿಡಬೇಕಿತ್ತು. ಹಾರಾಟದಲ್ಲಿ ಮಾಡಿದ್ದು ಸುರಕ್ಷತೆಯ ಹಸಿರು ಪ್ಲಗ್ ತೆಗೆದು, ಸಜ್ಜುಗೊಳಿಸುವ ಕೆಂಪು ಪ್ಲಗ್ ಹಾಕಿದ್ದಷ್ಟೇ.

ಆ ಹಾರಾಟದಲ್ಲಿ ಎಲ್ಲವೂ ತಪ್ಪಿತು. ಹಿಂದಿನ ಬಾಂಬ್ ಬೇಯಲ್ಲಿದ್ದ ಹೆಚ್ಚುವರಿ ಟ್ಯಾಂಕಿನ ಪಂಪು ಕೆಟ್ಟು, 600 ಗ್ಯಾಲನ್‌ಗೂ ಹೆಚ್ಚು ಪೆಟ್ರೋಲ್ ಬಳಕೆಗೆ ಬಾರದೆ ಬರೀ ಭಾರವಾಯಿತು. ಜೊತೆ ಸೇರಬೇಕಿದ್ದ ಒಂದು ವಿಮಾನಕ್ಕಾಗಿ ಕಾದದ್ದು ಇನ್ನಷ್ಟು ತಿಂದಿತು. ಮೊದಲ ಗುರಿ ಕೊಕುರಾ ಮಸುಕಾಗಿತ್ತು. ಮೂರು ಸಲ ಸುತ್ತಿ ನಾಗಸಾಕಿಗೆ ತಿರುಗಿದರು. ವಾಪಸು ಟಿನಿಯನ್‌ಗೆ ಹೋಗಲು ಇಂಧನ ಸಾಲದೆ ಒಕಿನಾವಾದಲ್ಲಿ ಇಳಿಯಬೇಕಾಯಿತು. ಹೊಳೆಯುವ ಆ ಅಲ್ಯೂಮಿನಿಯಂ ಮೈ ನೋಡಿದರೆ ಇದು ಯಾವುದೂ ಕಾಣುವುದಿಲ್ಲ. ಹಿಂದಿನ ಬೇ ಎಲ್ಲಿದೆಯೆಂದು ಗುರುತಿಸಿಕೊಂಡರೆ ಕಾಣುತ್ತದೆ.

ಇಲ್ಲೊಂದು ತಕರಾರು. ದಪ್ಪ ಬಾಂಬು ಎಲ್ಲರ ಕಣ್ಣನ್ನೂ ಸೆಳೆದುಬಿಡುತ್ತದೆ. ಬಿ-29ಗಳು ಜಪಾನನ್ನು ಸುಟ್ಟದ್ದು ಬಹುಪಾಲು ಎಂ69 ಎಂಬ, ಸುಮಾರು ಮೂರು ಕೆ.ಜಿ. ತೂಕದ ನಪಾಮ್ (ಅಂಟಿಕೊಂಡು ಉರಿಯುವ ಗಟ್ಟಿ ಪೆಟ್ರೋಲ್) ಕೊಳವೆಗಳಿಂದ. 38 ಕೊಳವೆಗಳ ಒಂದು ಕಟ್ಟು, ಅದು ಗಾಳಿಯಲ್ಲಿ ಬಿಚ್ಚಿ ಹರಡುತ್ತಿತ್ತು. 1945ರ ಮಾರ್ಚ್ 9-10ರ ರಾತ್ರಿ ಟೋಕಿಯೊದಲ್ಲಿ ಸತ್ತವರು ಸುಮಾರು ಒಂದು ಲಕ್ಷವೆಂದು ಅಂದಾಜು. ವಿಮಾನಗಳು ಬಂದೂಕುಗಳನ್ನು ಬಿಟ್ಟು, ಎಂದಿನ ಎತ್ತರಕ್ಕಿಂತ ಬಹಳ ಕೆಳಗೆ ಹಾರಿದ್ದವು. ಇದನ್ನು ತಲೆಯಲ್ಲಿಟ್ಟುಕೊಂಡೇ ಈ ಮೂಲೆಯನ್ನು ನೋಡಬೇಕು. ಇದೇ ಬಿ-29ಗಳು 1944ರಲ್ಲಿ ಬಂಗಾಳದ ಖರಗ್‌ಪುರ, ಈಗಿನ ಜಾರ್ಖಂಡಿನ ಚಾಕುಲಿಯಾದಂಥ ನೆಲೆಗಳಿಂದಲೇ ಯುದ್ಧ ಶುರುಮಾಡಿದವು. ಅಲ್ಲಿಯ ಬೇಸಿಗೆಗೆ ಆರ್-3350 ಎಂಜಿನ್‌ಗಳು ಕಾದು ಬೆಂಕಿ ಹತ್ತುತ್ತಿದ್ದವು. ಎಂಜಿನ್ ಪೆಟ್ಟಿಗೆ ಮೆಗ್ನೀಸಿಯಂ ಮಿಶ್ರಲೋಹದ್ದು, ಹತ್ತಿದರೆ ಆರಿಸುವುದು ಕಷ್ಟ.

ಎರಡನೇ ಹ್ಯಾಂಗರಿನಲ್ಲಿ ಎರಡು ಕಡೆ ನಿಂತರೆ ಸಾಕು. ಕೊರಿಯಾ ಯುದ್ಧದ ವಿಭಾಗದಲ್ಲಿ ಒಳಗೆ ನಡೆದು ನೋಡಬಹುದಾದ ಬಿ-29ರ ಮೈಭಾಗ ಇದೆ. ಉಳಿದ ದೊಡ್ಡ ವಿಮಾನಗಳಲ್ಲಿ ಹೆಚ್ಚಿನವುಗಳ ಒಳಗೆ ಬಿಡುವುದಿಲ್ಲ, ಇದನ್ನು ತಪ್ಪಿಸಿಕೊಳ್ಳಬೇಡಿ. ಇನ್ನೊಂದು ವಿಯೆಟ್ನಾಂ ಯುದ್ಧದ ಬಿ-52ಡಿ. 1972ರ ಏಪ್ರಿಲ್‌ನಲ್ಲಿ ಕ್ಷಿಪಣಿಯ ಏಟು ತಿಂದು ವಾಪಸು ಬಂದದ್ದು. ಇದರ 'ಬಿಗ್ ಬೆಲ್ಲಿ' ಮಾರ್ಪಾಟು ಹೆಸರೇ ಹೇಳುವಂತೆ ಹೊಟ್ಟೆಯ ಕೆಲಸ. ಒಳಗೆ 500 ಪೌಂಡಿನ 84 ಬಾಂಬು, ಎರಡೂ ರೆಕ್ಕೆಯಡಿ ಸೇರಿ ಇನ್ನೂ 24. ಒಂದೊಂದಾಗಿ ನೇತುಹಾಕುತ್ತ ಕೂತರೆ ದಿನವೇ ಸಾಲದು, ಹಾಗಾಗಿ ನೆಲದಲ್ಲೇ ಚೌಕಟ್ಟಿಗೆ ಜೋಡಿಸಿ ಗೊಂಚಲು ಗೊಂಚಲಾಗಿ ಎತ್ತುತ್ತಿದ್ದರು. ಹೊಟ್ಟೆಯ ಮುಂದೆ ಹಿಂದೆ ಜೋಡಿ ಚಕ್ರಗಳಿರುವುದೂ ಆ ಬೇಯನ್ನು ಬಿಡುವಾಗಿಡಲೆಂದೇ.

ಮೂರನೇ ಹ್ಯಾಂಗರಿನ ರಾಜ ಬಿ-36. ರೆಕ್ಕೆ 230 ಅಡಿ, ಅಂದರೆ 70 ಮೀಟರ್. ಹಿಂದಕ್ಕೆ ಮುಖ ಮಾಡಿದ ಆರು ಪಿಸ್ಟನ್ ಎಂಜಿನ್, ರೆಕ್ಕೆ ತುದಿಯ ಕಡೆ ನಾಲ್ಕು ಜೆಟ್. ಒಂದೊಂದು ಪಿಸ್ಟನ್ ಎಂಜಿನ್‌ಗೆ 56 ಸ್ಪಾರ್ಕ್ ಪ್ಲಗ್, ಒಟ್ಟು 336. ಮೆಕ್ಯಾನಿಕ್‌ಗಳ ಗೋಳು ಊಹಿಸಿ. ಪ್ರೊಪೆಲರ್ ಹಿಂದಿದ್ದುದರಿಂದ ಕಾರ್ಬ್ಯುರೇಟರ್ ಎಂಜಿನ್‌ನ ಬಿಸಿ ತಟ್ಟದ ಮುಂಭಾಗಕ್ಕೆ ಬಂತು, ತಣ್ಣನೆ ಗಾಳಿಗೆ ಹಿಮಗಟ್ಟಿತು, ಮಿಶ್ರಣದಲ್ಲಿ ಪೆಟ್ರೋಲ್ ಹೆಚ್ಚಾಗಿ ಬೆಂಕಿ ಹೊತ್ತಿತು. ಇಲ್ಲಿರುವುದು 1959ರ ಏಪ್ರಿಲ್ 30ರಂದು ಡೇಟನ್‌ಗೆ ಹಾರಿ ಬಂದದ್ದು, ಅದೇ ಬಿ-36ಗಳ ಕೊನೆಯ ಹಾರಾಟ. ಅದರ ಕಾಲದ ಮಾರ್ಕ್ 17 ಹೈಡ್ರೋಜನ್ ಬಾಂಬಿನ ಕವಚವನ್ನೂ ನೋಡಿ: ಉದ್ದ ಸುಮಾರು 7.5 ಮೀಟರ್, ತೂಕ ಹದಿನೆಂಟು ಟನ್‌ಗೂ ಮೇಲು. ಬಿ-36 ಅಷ್ಟು ದೊಡ್ಡದೇಕೆಂಬುದಕ್ಕೆ ಬೇರೆ ವಿವರಣೆ ಬೇಡ. 1957ರಲ್ಲಿ ಆಲ್ಬುಕರ್ಕಿ ಬಳಿ ಇಂಥದ್ದೊಂದು ಕೈತಪ್ಪಿ ಬಾಗಿಲು ಮುರಿದುಕೊಂಡು ಬಿತ್ತು. ಅಣು ಭಾಗ ಜೋಡಿಸಿರಲಿಲ್ಲ, ಮಾಮೂಲಿ ಸ್ಫೋಟಕವಷ್ಟೇ ಸಿಡಿಯಿತು. ಸತ್ತದ್ದು ಒಂದು ಹಸು.

ಅದೇ ಕಟ್ಟಡದಲ್ಲಿ ಬಿ-58, ಬಿ-1ಬಿ, ಬಿ-2 ಇವೆ. ಬಿ-58 ತನ್ನ ಬಾಂಬನ್ನು ಹೊಟ್ಟೆಯಲ್ಲಿಡದೆ ಕೆಳಗೆ ಒಂದು ಬುಟ್ಟಿಯಂಥ ಪಾಡ್‌ನಲ್ಲಿ ಹೊತ್ತಿತು, ಅದಕ್ಕೇ ಚಕ್ರದ ಕಾಲು ಕೊಕ್ಕರೆಯದರಂತೆ ಉದ್ದ. ಇಲ್ಲಿರುವ ಬಿ-2 ಎಂದೂ ಹಾರಿದ್ದಲ್ಲ. ಗಟ್ಟಿತನದ ಪರೀಕ್ಷೆಗೆಂದೇ ಕಟ್ಟಿದ ಮೈ ಇದು, ವಿನ್ಯಾಸದ ಹೊರೆಯ ಶೇಕಡಾ 161ರವರೆಗೆ ರೆಕ್ಕೆಯನ್ನು ಬಗ್ಗಿಸಿದ ಮೇಲಷ್ಟೇ ಮುರಿಯಿತು. ಹಾಗೆಂದು ಕಡೆಗಣಿಸಬೇಡಿ. ಹಾರುವ ಬಿ-2ರ ಇಷ್ಟು ಹತ್ತಿರ ಯಾರೂ ಬಿಟ್ಟುಕೊಳ್ಳುವುದಿಲ್ಲ. 2025ರ ಜೂನ್‌ನಲ್ಲಿ ಇರಾನಿನ ಮೇಲೆ ಬಿದ್ದ ಜಿಬಿಯು-57 ಬಾಂಬು 30,000 ಪೌಂಡಿನದು. ಒಂದು ಬಿ-2 ಹೊರುವುದು ಎರಡನ್ನು. ಎರಡು ಬೇ, ಬೇಗೊಂದು ಬಾಂಬು.

ನಾಲ್ಕನೇ ಹ್ಯಾಂಗರ್ ತೆರೆದದ್ದು 2016ರಲ್ಲಿ. ಬೆಳಕೂ ಉತ್ತಮ. ಅಲ್ಲಿ ಶಬ್ದದ ಮೂರು ಪಟ್ಟು ವೇಗದ ಎಕ್ಸ್‌ಬಿ-70 ನಿಂತಿದೆ, ಮಾಡಿದ ಎರಡರಲ್ಲಿ ಉಳಿದದ್ದು ಇದೊಂದೇ. ಬಾಂಬರ್ ಎಂದು ಹುಟ್ಟಿ, ಬಾಂಬು ಹೊರುವ ಮೊದಲೇ ಯೋಜನೆ ಸಂಶೋಧನೆಗೆ ಸರಿದು, 1969ರಲ್ಲಿ ಇಲ್ಲಿಗೆ ಬಂತು. ಮುಂದೆ ನಿಂತರೆ ಉದ್ದ ಕತ್ತು ಮಾತ್ರ ಸಿಗುತ್ತದೆ. ಹಿಂದಕ್ಕೆ ಹೋಗಿ ಸಾಲಾಗಿರುವ ಆರು ಎಂಜಿನ್ ಬಾಯಿಗಳ ಕಡೆಯಿಂದ ನೋಡಿ. ಇದಕ್ಕೆಂದು ಕನಿಷ್ಠ ಮುಕ್ಕಾಲು ಗಂಟೆ ಇಟ್ಟುಕೊಂಡು, ನಾಲ್ಕು ಗಂಟೆಯೊಳಗೆ ಈ ಕಟ್ಟಡ ತಲುಪಿಬಿಡಿ.